ಕಾಮಾದೋ ಆಯಿಗೆ ಮುಟ್ಟದ ಹೂವು

ಸವಣೂರು

ಪರದೇಶಕ್ಕೆ ಹೋಗಿ ಬಂದವನನ್ನು ನಮ್ಮ ಕಡೆಯ ಜನ ಎರಡೇ ಪ್ರಶ್ನೆ ಕೇಳುತ್ತಾರೆ. ಅಲ್ಲಿ ಏನು ಉಂಡೆ? ಅಲ್ಲಿಂದ ಏನು ತಂದೆ? ಮೊದಲನೆಯದಕ್ಕೆ ಉತ್ತರ ಹೇಳಿ ಹೇಳಿ ನನಗೆ ಸಾಕಾಗಿದೆ. ಗೆಣಸು ಉಂಡೆ, ಹಾಗಲಕಾಯಿ ಉಂಡೆ, ಬೆಲ್ಲ ತಿಂದೆ. ಇಷ್ಟಕ್ಕೆ ಸಮುದ್ರ ಯಾಕೆ ದಾಟಬೇಕಿತ್ತು, ಹಾನಗಲ್ಲಿಗೆ ಹೋಗಿದ್ದರೆ ಸಾಲುತ್ತಿರಲಿಲ್ಲವೇ ಎಂದು ನಗುತ್ತಾರೆ. ಎರಡನೆಯದಕ್ಕೆ ಬಾಯಿಂದ ಉತ್ತರ ಹೇಳುವುದಿಲ್ಲ, ತೋಟದ ಕಡೆ ಕೈ ತೋರಿಸುತ್ತೇನೆ. ಅಲ್ಲಿ ನಮ್ಮ ವೀಳ್ಯದೆಲೆಯ ಬಳ್ಳಿಗಳ ನಡುವೆ ಒಂದು ಚೊಗಚೆ ಮರಕ್ಕೆ ಬೇರೆ ಜಾತಿಯ ಬಳ್ಳಿಯೊಂದು ಹಬ್ಬಿದೆ. ಎಲೆ ದಪ್ಪ, ಹೊಳಪು ಜಾಸ್ತಿ. ತಂದದ್ದು ಅದೊಂದೇ. ಅದರ ಜೊತೆಗೆ ಒಬ್ಬ ಮುದುಕಿಗೆ ಒಂದು ಮಾತು ಕೊಟ್ಟು ಬಂದಿದ್ದೆ. ಬಳ್ಳಿಯೇನೋ ಬದುಕಿತು. ಮಾತು ಮಾತ್ರ ನಡೆಯಲಿಲ್ಲ. ಆ ಸಂಕಟ ಇನ್ನೂ ಹೋಗಿಲ್ಲವಾದ್ದರಿಂದ ಬರೆಯಲು ಕೂತಿದ್ದೇನೆ.

ನಮ್ಮದು ಎಲೆತೋಟದ ಮನೆ. ಸವಣೂರಿನ ಎಲೆ ಬಾಯಲ್ಲಿಟ್ಟವರಿಗೆ ಅದರ ವಿಷಯ ಹೇಳಬೇಕಾಗಿಲ್ಲ, ಇಡದವರಿಗೆ ಹೇಳಿದರೆ ತಿಳಿಯುವುದಿಲ್ಲ. ಅಪ್ಪ ಹೋದ ಮೇಲೆ ತೋಟ ಅವ್ವನ ಕೈಗೆ ಬಂತು. ನಾನು ಹತ್ತಿಯ ಕಡೆ ವಾಲಿದೆ. ಸುಗ್ಗಿಯಲ್ಲಿ ಹತ್ತಿಮತ್ತೂರಿನ ಸುತ್ತಮುತ್ತ ತಿರುಗಿ, ಒಂದು ಚಿಟಿಕೆ ಹತ್ತಿಯನ್ನು ಎರಡು ಹೆಬ್ಬೆರಳಿನ ನಡುವೆ ಎಳೆದು, ಎಳೆ ಉದ್ದವೋ ಗಿಡ್ಡವೋ ಎಂದು ಹುಬ್ಬಳ್ಳಿಯ ಸಾವಕಾರರಿಗೆ ಹೇಳುವುದು ನನ್ನ ಕೆಲಸ. ಎರಡನೆಯ ಮಹಾಯುದ್ಧ ಶುರುವಾಗುವ ಕೆಲ ವರ್ಷ ಮೊದಲು, ಜಪಾನಿನ ಕೋಬೆಯಿಂದ ಒಂದು ತಕರಾರು ಬಂತು. ಕಳಿಸಿದ ಹತ್ತಿ ತೋರಿಸಿದ ಹತ್ತಿಯಂತಿಲ್ಲ ಎಂದು. ಯಾರಾದರೂ ಹೋಗಿ ಬೇಲು ಬಿಚ್ಚಿಸಿ ನೋಡಬೇಕಿತ್ತು. ಸಾವಕಾರರ ಮಗನಿಗೆ ಕೆರೆಯ ಏರಿಯ ಮೇಲೆ ನಿಂತರೂ ತಲೆ ತಿರುಗುತ್ತಿತ್ತು. ಹಾಗಾಗಿ ನನ್ನನ್ನು ಕಳಿಸಿದರು.

ಅವ್ವ ಬೇಡ ಎನ್ನಲಿಲ್ಲ. ಕೊರಳಿನ ಶಿವದಾರವನ್ನು ಹೊಸದು ಮಾಡಿ, ಲಿಂಗದ ಬೆಳ್ಳಿ ಕರಡಿಗೆಯನ್ನು ತಾನೇ ಬಿಗಿಯಾಗಿ ಕಟ್ಟಿದಳು.

"ನೀ ಮುಳುಗಿದ್ರ ನಿನ್ನ ನಸೀಬ. ಲಿಂಗ ಮಾತ್ರ ಮುಳುಗಬಾರದು ನೋಡಪಾ" ಎಂದಳು.

ಅವ್ವನ ಕೈಯ ಬಗ್ಗೆ ಇಲ್ಲಿಯೇ ಒಂದು ಮಾತು ಹೇಳಬೇಕು. ಎಲೆತೋಟದವರು ಎಲೆಯನ್ನು ತೊಟ್ಟಿನ ಸಮೇತ ಕೊಯ್ಯುತ್ತಾರೆ. ತೊಟ್ಟು ಹರಿದ ಎಲೆ ಪೇಟೆಗೂ ಬಾರದು, ಪೂಜೆಗೂ ಬಾರದು. ಅವ್ವ ಹೂವನ್ನೂ ಹಾಗೆಯೇ ಕೊಯ್ಯುತ್ತಿದ್ದಳು, ಅರ್ಧಂಬರ್ಧ ಅಲ್ಲ, ತೊಟ್ಟು ಹಿಡಿದು ಪೂರ್ತಿ. ತೋಟದಲ್ಲಿ ಹೊಸದಾಗಿ ಏನೇ ಬಿಡಲಿ, ಮೊದಲನೆಯದು ಒಡೆಯದೆ, ಹರಿಯದೆ, ಇಡಿಯಾಗಿ ಲಿಂಗಕ್ಕೆ ಏರಬೇಕು. ನಮ್ಮ ಮನೆಯಲ್ಲಿ ಇದನ್ನು ಯಾರೂ ಯಾರಿಗೂ ಕಲಿಸಿಕೊಟ್ಟಿಲ್ಲ, ನೋಡುತ್ತಲೇ ಬಂದದ್ದು.

ಹಡಗು

ಖಡಕ್ ರೊಟ್ಟಿಯ ಗಂಟು, ಶೇಂಗಾ ಚಟ್ನಿ, ಒದ್ದೆ ಬಟ್ಟೆಯಲ್ಲಿ ಸುತ್ತಿದ ಎಲೆ. ಮುಂಬಯಿಯಲ್ಲಿ ಇಷ್ಟನ್ನೂ ಹೊತ್ತು ಹಡಗು ಹತ್ತಿದಾಗ ಊಟದ ಚಿಂತೆ ಗೆದ್ದೆ ಎಂದುಕೊಂಡಿದ್ದೆ. ಸಮುದ್ರದ ಗಾಳಿಗೆ ರೊಟ್ಟಿ ಚಪ್ಪಲಿಯ ಅಟ್ಟೆಯಂತಾಯಿತು. ಎಲೆ ಕೊಲಂಬೊ ದಾಟುವ ಮೊದಲೇ ಮುಗಿಯಿತು. ಸಿಂಗಪುರದಲ್ಲಿ ಇಳಿದು ಎಲೆ ಕೊಂಡೆ, ಅದು ಎಮ್ಮೆಯ ಕಿವಿಯಷ್ಟು ದಪ್ಪ, ರುಚಿ ಮಾತ್ರ ಹುಲ್ಲಿನದು. ಆದರೂ ಅಡಿಕೆ ಸುಣ್ಣ ಹಚ್ಚಿ ಜಗಿಯುತ್ತಾ ಮುಂದೆ ಹೋದೆ. ಆ ಎಲೆಯಿಂದಲೇ ಮುಂದೆ ಪಜೀತಿ ಆಗುವುದಿತ್ತು.

ಹಾಂಗ್‌ಕಾಂಗ್ ಬಿಟ್ಟ ಮೇಲೆ ತೂಫಾನು ಹಿಡಿಯಿತು. ಅದರ ವರ್ಣನೆ ನನ್ನಿಂದ ಆಗದು, ಯಾಕೆಂದರೆ ನಾನು ಕಣ್ಣು ಮುಚ್ಚಿದ್ದೆ. ಒಂದು ಕೈಯಲ್ಲಿ ಹಾಸಿಗೆಯ ಕಂಬಿ, ಇನ್ನೊಂದು ಕೈಯಲ್ಲಿ ಕರಡಿಗೆ. ಅವ್ವನ ಮಾತು ನೆನಪಾಗಿ, ಮುಳುಗಿದರೆ ಇದನ್ನು ಯಾವ ಮೀನಿನ ಕೈಗೆ ಕೊಡಲಿ ಎಂಬ ಹುಚ್ಚು ಯೋಚನೆಯೂ ಬಂತು. ಗಾಳಿ ನಿಂತಾಗ ಹಡಗಿನ ಚುಕ್ಕಾಣಿ ಕೆಟ್ಟಿತ್ತು. ಕುಂಟುತ್ತಾ ಹೋಗಿ ಜಪಾನಿನವರದೇ ಆದ ಓಕಿನಾವಾ ಎಂಬ ದ್ವೀಪದ ನಾಹಾ ಬಂದರು ಸೇರಿತು. ರಿಪೇರಿ ಆಗುವ ತನಕ ಇಲ್ಲಿಯೇ ಎಂದು ಹೇಳಿ ನಮ್ಮನ್ನು ಇಳಿಸಿದರು. ನೆಲ ಮುಟ್ಟಿದ ಖುಷಿಗೆ ನಾನು ಒಂದು ಎಲೆ ಮಡಚಿ ಬಾಯಿಗೆ ಹಾಕಿಕೊಂಡೆ.

ನಾಹಾ

ಊರು ಚೊಕ್ಕಟವಾಗಿತ್ತು. ಕೆಂಪು ಹಂಚಿನ ಗಿಡ್ಡ ಮನೆಗಳು, ಮಾಡಿನ ಮೇಲೆ ಬಾಯಿ ತೆರೆದ ಮಣ್ಣಿನ ಸಿಂಹ. ಹೆಂಗಸರು ತಲೆಯ ಮೇಲೆ ಬುಟ್ಟಿ ಹೊತ್ತು, ಕೈ ಬೀಸಿಕೊಂಡು ನಡೆಯುತ್ತಿದ್ದರು. ಶಿಗ್ಗಾಂವದ ಸಂತೆಗೆ ಹೊರಟವರನ್ನು ನೋಡಿದಂತಾಗಿ ಮನಸ್ಸು ಹಗುರಾಯಿತು. ಹಗುರಾದ ಮನಸ್ಸಿನಿಂದ ನಾನು ರಸ್ತೆಯ ಬದಿಗೆ ಉಗುಳಿದೆ.

ನಮ್ಮಲ್ಲಿ ಅದನ್ನು ಯಾರೂ ತಿರುಗಿ ನೋಡುವುದಿಲ್ಲ. ಅಲ್ಲಿ ಬೀದಿಗೆ ಬೀದಿಯೇ ನಿಂತಿತು. ಒಬ್ಬ ಹೆಂಗಸು ಮಗುವನ್ನು ಎಳೆದುಕೊಂಡು ಒಳಗೆ ಹೋದಳು. ಕೆಂಪು ಕಂಡವರಿಗೆ ರಕ್ತ ಎಂದೇ ಅನ್ನಿಸಿರಬೇಕು. ಕ್ಷಯದವನು ಹಡಗಿನಿಂದ ಇಳಿದಿದ್ದಾನೆ ಎಂದು ಪೊಲೀಸನೊಬ್ಬ ಬಂದು, ಮುಟ್ಟದೆ, ಕೋಲಿನಿಂದ ದಾರಿ ತೋರಿಸುತ್ತಾ ನನ್ನನ್ನು ಠಾಣೆಗೆ ಕರೆದೊಯ್ದ. ನಾನು ನಾಲಗೆ ಚಾಚಿ ತೋರಿಸಿದಷ್ಟೂ ಅವರು ಹಿಂದೆ ಸರಿದರು. ಅಂಗಿ ಬಿಚ್ಚಿ ಎಂದು ಸನ್ನೆ ಮಾಡಿದರು. ಬಿಚ್ಚಿದೆ. ಎದೆಯ ಮೇಲೆ ಬೆಳ್ಳಿಯ ಡಬ್ಬಿ ಕಂಡಿತು. ಈಗ ಕ್ಷಯ ಹೋಗಿ ಗೂಢಚಾರಿಕೆಯ ಸಂಶಯ ಬಂತು.

ಅವರು ಕೈ ಚಾಚಿದರು, ನಾನು ಎರಡೂ ಕೈಯಿಂದ ಮುಚ್ಚಿಕೊಂಡೆ. ಗದ್ದಲ ಏಳುವಷ್ಟರಲ್ಲಿ ಯಾರೋ ಹೋಗಿ ಜಿರೋ ಎಂಬ ಬೆಸ್ತರವನನ್ನು ಕರೆತಂದರು. ಅವನು ಸಿಂಗಪುರದಲ್ಲಿ ಹಲವು ವರ್ಷ ಮೀನು ಹಿಡಿದವನು, ಅಲ್ಲಿಯ ಪೇಟೆಯಲ್ಲಿ ನಮ್ಮ ದೇಶದವರ ಜೊತೆ ಪಳಗಿ ಮುರುಕು ಹಿಂದುಸ್ತಾನಿ ಕಲಿತಿದ್ದ. ನಾನೂ ನವಾಬರ ಸವಣೂರಿನಲ್ಲಿ ಆ ಮಾತು ಕೇಳುತ್ತಲೇ ಬೆಳೆದವನಾದ್ದರಿಂದ ನಮ್ಮಿಬ್ಬರಿಗೆ ಮಾತು ಕೂಡಿತು. ಇದು ನನ್ನ ದೇವರು, ತೆರೆದು ತೋರಿಸುತ್ತೇನೆ, ಮುಟ್ಟಲು ಕೊಡುವುದಿಲ್ಲ ಎಂದೆ. ಅಂಗೈಯ ಮೇಲೆ ಲಿಂಗ ಇಟ್ಟು ತೋರಿಸಿದೆ. ಪೊಲೀಸಿನವರು ಬಗ್ಗಿ ನೋಡಿ, ಇಷ್ಟೇನಾ ಎಂಬಂತೆ ಮುಖ ಮಾಡಿ, ಆಮೇಲೆ ಒಬ್ಬರನ್ನು ನೋಡಿ ಒಬ್ಬರು ತಲೆ ಬಾಗಿಸಿದರು. ನನ್ನ ಎಲೆಯ ಚೀಲವನ್ನು ಮಾತ್ರ ಇಟ್ಟುಕೊಂಡರು. ದುಃಖವಾಯಿತು, ಎಷ್ಟು ಹುಲ್ಲಿನ ರುಚಿಯಾದರೂ ಎಲೆ ಎಲೆಯೇ.

ಹೊರಗೆ ಬಂದ ಮೇಲೆ ಊಟದ ಪ್ರಶ್ನೆ. ಬಂದರಿನ ಖಾನಾವಳಿಗಳಲ್ಲಿ ಹಂದಿಯ ಜಿಡ್ಡು ಸೋಕದ ಪಾತ್ರೆಯೇ ಇರಲಿಲ್ಲ. ಜಿರೋ ನನ್ನ ಮುಖ ನೋಡಿ ಕನಿಕರಪಟ್ಟು, ಊರಾಚೆಗಿನ ಹಳ್ಳಿಗೆ, ತನ್ನ ಸೋದರತ್ತೆಯ ಮನೆಗೆ ಕರೆದುಕೊಂಡು ಹೋದ.

ಆಯಿಯ ಮನೆ

ಆಕೆಯ ಹೆಸರು ಕಾಮಾದೋ. ಮುದುಕಿ, ಗಂಡ ಇಲ್ಲ. ಊರಿನ ದೇವರ ತೋಪನ್ನು ಗುಡಿಸಿ ನೋಡಿಕೊಳ್ಳುವವಳು. ಅಲ್ಲಿ ಪೂಜೆಯ ಕೆಲಸವೆಲ್ಲ ಹೆಂಗಸರದು. ನನಗೆ ಆ ಹೆಸರು ನಾಲಗೆಗೆ ಹತ್ತದೆ, ನಮ್ಮ ಕಡೆ ಅಜ್ಜಿಯನ್ನು ಕರೆಯುವ ಹಾಗೆ ಆಯಿ ಎಂದೆ. ಜಿರೋ ಅದರ ಅರ್ಥ ಹೇಳಿದಾಗ ಆಕೆ ಬಾಯಿಗೆ ಕೈ ಅಡ್ಡ ಇಟ್ಟು ನಕ್ಕಳು. ಆ ಕೈ ನೋಡಿ ನಾನು ಬೆರಗಾದೆ. ಬೆರಳ ತುದಿಯಿಂದ ಮಣಿಕಟ್ಟಿನ ತನಕ ನೀಲಿ ಹಚ್ಚೆ. ನಮ್ಮ ಅವ್ವನ ಮೊಳಕೈ ತನಕ ಇರುವಂಥದ್ದೇ ಬಣ್ಣ. ಈಗಿನ ಹುಡುಗಿಯರಿಗೆ ಸರಕಾರ ಹಚ್ಚೆ ಹಾಕಗೊಡುವುದಿಲ್ಲವಂತೆ, ಅದಕ್ಕೆ ಮುದುಕಿಗೆ ಸಿಟ್ಟು. ಸರಕಾರದ ಮೇಲೆ ಮುದುಕಿಯರ ಸಿಟ್ಟು ಎಲ್ಲ ಕಡೆಯೂ ಒಂದೇ ಥರ ಎಂದು ನನಗೆ ಸಮಾಧಾನವೂ ಆಯಿತು.

ನನ್ನ ಪಥ್ಯವನ್ನು ಜಿರೋ ವಿವರಿಸಿದ. ಆಯಿ ಎದ್ದು ಹೊರಗೆ ಹೋದಳು. ಬೇಸರವಾಯಿತೇನೋ ಎಂದು ನಾನು ಕಸಿವಿಸಿಪಟ್ಟೆ. ತಿರುಗಿ ಬಂದಾಗ ಅವಳ ತಲೆಯ ಮೇಲೆ ಹೊಸ ಗಡಿಗೆ ಇತ್ತು. ಆ ಗಡಿಗೆಯಲ್ಲಿ ನನಗೆಂದು ಬೇರೆ ಗೆಣಸು ಬೇಯಿಸಿದಳು. ಹಾಗಲಕಾಯಿ ಹೆಚ್ಚಿ, ಗಿಣ್ಣದಂತೆ ಕಾಣುವ ಸೋಯಾ ಗಟ್ಟಿಯ ಜೊತೆ ಹುರಿದಳು. ಆಮೇಲೆ ಚಹಾ, ಅದಕ್ಕೆ ನಂಚಿಕೊಳ್ಳಲು ಕಪ್ಪು ಬೆಲ್ಲದ ಹೆಂಟೆ. ಬೆಲ್ಲ ಬಾಯಿಗೆ ಇಟ್ಟಾಗ ನಮ್ಮ ಗಾಣದ ಮನೆಯ ವಾಸನೆ ಬಂದು ನನಗೆ ಕಣ್ಣು ತುಂಬಿತು. ಯಾರೂ ಪರಿಚಯವಿಲ್ಲದ ಊರಲ್ಲಿ ನನ್ನ ಸಲುವಾಗಿ ಒಬ್ಬರು ಹೊಸ ಗಡಿಗೆ ತಂದರಲ್ಲ ಎಂಬುದು ಇಂದಿಗೂ ಎದೆಯಲ್ಲಿ ಕೂತಿದೆ.

ಹಡಗು ಸುಧಾರಿಸುವ ತನಕ ಅಲ್ಲಿಯೇ ಉಳಿದೆ. ಬೆಳಿಗ್ಗೆ ಪಡಸಾಲೆಯಲ್ಲಿ ಕೂತು ಲಿಂಗಪೂಜೆ ಮಾಡುವಾಗ ಆಯಿ ದೂರ ಕೂತು ನೋಡುತ್ತಿದ್ದಳು. ಅಂಗೈಯಲ್ಲಿ ಹಿಡಿಯುವ ದೇವರು ಆಕೆಗೆ ಬಲು ಹಿಡಿಸಿತ್ತು. ಅವರ ದೇವರಿಗೆ ಗುಡಿಯಿಲ್ಲ, ಮೂರ್ತಿಯಿಲ್ಲ, ಮರಗಳೇ ಎಲ್ಲ. ಪೂಜೆಗೆ ಹೂವಿಲ್ಲ ಎಂದು ನಾನು ಒಂದು ದಿನ ಅಂದೆ. ಆಕೆ ಕೈಸನ್ನೆಯಿಂದ ನನ್ನನ್ನು ತೋಪಿಗೆ ಕರೆದಳು.

ತೋಪು

ತೋಪಿನ ಒಳಕ್ಕೆ ಗಂಡಸರು ಹೋಗುವಂತಿಲ್ಲ. ನಾನೂ ಜಿರೋನೂ ಅಂಚಿನಲ್ಲಿ ನಿಂತೆವು. ಒಳಗೆ ಬಿಸಿಲೇ ಬೀಳದ ಹಸಿರು ಕತ್ತಲೆ, ಸುಣ್ಣದ ಕಲ್ಲುಗಳು, ಅವುಗಳ ಮೇಲೆ ಬೇರು ಇಳಿಸಿದ ದೊಡ್ಡ ಮರಗಳು. ಅಂಚಿನ ಮರವೊಂದಕ್ಕೆ ಆ ಬಳ್ಳಿ ಹಬ್ಬಿತ್ತು. ಎಲೆತೋಟದ ಹುಡುಗನ ಕಣ್ಣಲ್ಲವೇ, ಮೊದಲು ಬಳ್ಳಿ ಗಂಟುಗಂಟಿಗೆ ಬೇರು ಬಿಟ್ಟು ಮರ ಹಿಡಿದ ರೀತಿ ನೋಡಿದೆ, ಥೇಟು ನಮ್ಮ ಎಲೆಬಳ್ಳಿ. ಹೂವು ಕಂಡದ್ದು ಆಮೇಲೆ. ಎಲೆಗಳ ಸಂದಿಯಲ್ಲಿ ಗೊಂಚಲು ಗೊಂಚಲಾಗಿ ಇಳಿಬಿದ್ದಿದ್ದವು. ಒಂದೊಂದೂ ಐದು ಮೂಲೆಯ ನಕ್ಷತ್ರ, ಬಿಳುಪಿನಲ್ಲಿ ತುಸು ಗುಲಾಬಿ, ನಡುವೆ ಕೆಂಪು. ಮೇಣದಲ್ಲಿ ಎರೆದ ಬೆಂಡೋಲೆಗಳನ್ನು ಯಾರೋ ಒಟ್ಟಿಗೆ ಪೋಣಿಸಿದಂತೆ. ನಮ್ಮ ಎಕ್ಕೆಯ ಹೂವಿಗೆ ಒಬ್ಬ ಚೆಲುವೆ ತಂಗಿ ಇದ್ದಿದ್ದರೆ ಹೀಗಿರುತ್ತಿದ್ದಳು. ಸಂಜೆಯಾದರೆ ಇದರ ವಾಸನೆ ಊರೊಳಕ್ಕೆ ಬರುತ್ತದೆ ಎಂದು ಜಿರೋ ಹೇಳಿದ.

ನಾನು ಕೈ ಚಾಚಿ ಒಂದು ಗೊಂಚಲಿನ ತೊಟ್ಟು ಹಿಡಿದೆ. ಮುರಿಯಬೇಕು, ಅಷ್ಟರಲ್ಲಿ ಆಯಿ ನನ್ನ ಮಣಿಕಟ್ಟು ಹಿಡಿದಳು. ಮುದುಕಿಯ ಹಿಡಿತ ಕಬ್ಬಿಣದ್ದು.

"ತೊಟ್ಟು ಮುರೀಬಾರದಂತ" ಎಂದ ಜಿರೋ. ಅವನ ಹಿಂದುಸ್ತಾನಿಯನ್ನು ನಾನು ನನ್ನ ಮಾತಿನಲ್ಲೇ ನೆನಪಿಟ್ಟುಕೊಂಡಿದ್ದೇನೆ, ಹಾಗೆಯೇ ಬರೆಯುತ್ತೇನೆ. "ಯಾವಾಗೂ ಮುರೀಬಾರದು. ಹೂವಷ್ಟ ಬಿಡಿಸ್ಕೋ."

ಯಾಕೆ ಎಂದು ಕೇಳಿದೆ. ಆಯಿ ಮರವನ್ನು ತೋರಿಸಿ, ತೋಪನ್ನು ತೋರಿಸಿ ಏನೋ ಉದ್ದಕ್ಕೆ ಹೇಳಿದಳು. ಜಿರೋಗೆ ಹೂವಿನ ಉಸಾಬರಿ ಬೇಕಿರಲಿಲ್ಲ. ಅದು ಇವರ ಪದ್ಧತಿ ಎಂದು ಒಂದೇ ಮಾತಿನಲ್ಲಿ ಮುಗಿಸಿದ. ನಾನೂ ಒಪ್ಪಿದೆ. ದೇವರ ತೋಪು, ದೇವರ ಬಳ್ಳಿ, ಒಂದೊಂದು ದೇವರಿಗೆ ಒಂದೊಂದು ರೀತಿ. ಅಂಗಡಿಯವನು ಚಿಲ್ಲರೆ ಎಣಿಸಿಕೊಟ್ಟ ಹಾಗೆ ಆಕೆ ಬಿಡಿ ಹೂವು ಬಿಡಿಸಿಕೊಟ್ಟಾಗ, ಇಡಿಯಾಗಿ ಕೊಡಲು ಕೈ ಬರಲಿಲ್ಲವಲ್ಲ ಮುದುಕಿಗೆ ಎಂದು ಒಳಗೊಳಗೆ ಅಂದುಕೊಂಡೆ.

ಹೊರಡುವ ಮುಂಚಿನ ಸಂಜೆ ಆಯಿ ನನ್ನನ್ನು ತೋಪಿನ ಇನ್ನೊಂದು ಬದಿಗೆ ಕರೆದೊಯ್ದಳು. ಅಲ್ಲಿ ಅರ್ಧ ತೋಪೇ ಇರಲಿಲ್ಲ. ಬಂದರಿಗೆ ಅಗಲ ರಸ್ತೆ ಮಾಡುತ್ತಾ ಬಂದಿದ್ದರು, ಉಳಿದ ಮರಗಳ ಸೊಂಟಕ್ಕೂ ಕೆಂಪು ಬಟ್ಟೆಯ ಚೂರು ಕಟ್ಟಿತ್ತು. ಕಟ್ಟಿದವುಗಳೆಲ್ಲ ಕಡಿಯುವವು. ಆ ಹಳ್ಳಿಯಿಂದ ಜನ ಹವಾಯಿಗೆ, ಬ್ರೆಜಿಲ್ಲಿಗೆ, ಮನಿಲಾಕ್ಕೆ ದುಡಿಯಲು ಹೋಗುತ್ತಾರೆ. ಹೋಗುವವರೆಲ್ಲರ ಕೈಯಲ್ಲೂ ಆಯಿ ಈ ಬಳ್ಳಿಯ ಒಂದು ತುಂಡು ಕೊಟ್ಟು ಕಳಿಸಿದ್ದಳು. ಹೂವು ಬಿಟ್ಟರೆ ತಿಳಿಸಿ ಎಂದಿದ್ದಳು. ಅವರಿಂದ ಮನೆಗಳಿಗೆ ಹಣ ಬಂತು, ಫೋಟೋ ಬಂತು, ಹೂವಿನ ಸುದ್ದಿ ಮಾತ್ರ ಯಾರಿಂದಲೂ ಬರಲಿಲ್ಲ.

ಆಕೆ ನನಗೂ ಒಂದು ತುಂಡು ಕತ್ತರಿಸಿಕೊಟ್ಟಳು. ಕತ್ತರಿಸಿದಲ್ಲಿ ಎಕ್ಕೆಯ ಹಾಗೆ ಹಾಲು ಸುರಿಯಿತು. ಬಳ್ಳಿಯ ತುಂಡನ್ನು ಜೀವಂತ ಒಯ್ಯುವುದು ನನಗೆ ಹೇಳಿಕೊಡಬೇಕಾಗಿರಲಿಲ್ಲ. ಬಾಳೆಯ ಪಟ್ಟೆ ಒದ್ದೆ ಮಾಡಿ ನಾನು ಸುತ್ತಿದ ರೀತಿ ನೋಡಿ ಆಕೆಯ ಮುಖ ಅರಳಿತು. ಇವನು ಬದುಕಿಸುತ್ತಾನೆ ಎಂಬ ಭರವಸೆ ಬಂದಿರಬೇಕು. ಎರಡೂ ನೀಲಿ ಕೈಯಿಂದ ನನ್ನ ಕೈ ಹಿಡಿದು ಹೇಳಿದ್ದನ್ನು ಜಿರೋ ಈ ಸಲ ಪೂರ್ತಿಯಾಗಿ ಹೇಳಿದ.

"ಬರೇ ಮಾತು ಬ್ಯಾಡ, ಮಾತು ಯಾರರೆ ಹೇಳ್ತಾರ. ಹೂವು ಬಿಟ್ಟ ಮ್ಯಾಲೆ ಒಂದು ಹೂವು ಕಳಸು, ಒಣಗಿದ್ರೂ ನಡೀತೈತಿ. ಇಲ್ಲಿ ಹೋದ್ರೂ ಎಲ್ಲೋ ಒಂದ್ ಕಡೆ ಐತಿ ಅಂತ ಗೊತ್ತಾದ್ರ ಸಾಕು, ನಾ ಆರಾಮ ಕಣ್ಣ ಮುಚ್ಚತೇನಿ."

ಕಳಿಸುತ್ತೇನೆ ಆಯಿ ಎಂದೆ. ಎಂಥ ಹಗುರವಾದ ಬಾಯಿಂದ ಅಂದೆನೋ.

ಕೋಬೆ

ಕೋಬೆಯ ವಿಷಯ ಹೆಚ್ಚು ಹೇಳುವುದಿಲ್ಲ. ಬೇಲು ಬಿಚ್ಚಿಸಿದೆವು, ತಕರಾರಿನಲ್ಲಿ ಅರ್ಧ ಸತ್ಯ ಇತ್ತು, ಅರ್ಧ ಜಗ್ಗಾಟ. ಅಲ್ಲಿಯ ಜನ ಬಾಗಿ ಬಾಗಿ ನಮಸ್ಕಾರ ಮಾಡುತ್ತಾರೆ, ನಾನೂ ಬಾಗಿ ಬಾಗಿ, ಕಡೆಗೆ ಯಾರು ಮೊದಲು ನಿಲ್ಲಿಸಬೇಕು ತಿಳಿಯದೆ ಒಂದು ಬಾಗಿಲಿನಲ್ಲಿ ಬಹಳ ಹೊತ್ತು ಸಿಕ್ಕಿಕೊಂಡಿದ್ದೆ. ನಾನು ಉಳಿದ ಮನೆಯ ಹೆಂಗಸು ಕಿಟಕಿಯಲ್ಲಿಟ್ಟ ಬಳ್ಳಿಯ ತುಂಡಿಗೆ ದಿನಾ ನೀರು ಚಿಮುಕಿಸುತ್ತಿದ್ದಳು. ಅಲ್ಲಿ ಎಲ್ಲವೂ ನೋಡುವಂಥದ್ದೇ, ಆದರೆ ನನ್ನ ಮನಸ್ಸು ಆ ಪುಟ್ಟ ತುಂಡಿನ ಮೇಲೆಯೇ ಇತ್ತು. ಬರುವಾಗ ಹಡಗು ನಾಹಾ ಮುಟ್ಟದೆ ನೆಟ್ಟಗೆ ಹೋಯಿತು. ದೂರದಲ್ಲಿ ದ್ವೀಪಗಳ ಸಾಲು ಕಂಡಾಗ ಅದರಲ್ಲಿ ಆಯಿಯದು ಯಾವುದು ಎಂದು ಕೇಳಿದೆ. ಯಾರಿಗೂ ಗೊತ್ತಿರಲಿಲ್ಲ.

ಮತ್ತೆ ಸವಣೂರು

ಚೊಗಚೆಯ ನೆರಳಿನಲ್ಲಿ ಎಲೆಬಳ್ಳಿಗಳ ಸಾಲಿನಲ್ಲಿ ಅದನ್ನು ನೆಟ್ಟೆ. ಅವ್ವನಿಗೆ ಎಲ್ಲ ಹೇಳಿದೆ. ಹೊಸ ಗಡಿಗೆಯ ಮಾತು ಕೇಳಿ ಅವ್ವ ಸೆರಗಿನಿಂದ ಕಣ್ಣೊರೆಸಿಕೊಂಡಳು. ಆ ಹೆಣ್ಣುಮಗಳ ಹೊಟ್ಟೆ ತಣ್ಣಗಿರಲಿ ಎಂದಳು. ತೊಟ್ಟು ಮುರಿಯಬಾರದು, ಅದು ಅವರ ದೇವರ ಪದ್ಧತಿ ಎಂದೂ ಹೇಳಿದೆ. ಅವ್ವ ಹೂಂ ಎಂದಳು. ಬಳ್ಳಿಗೆ ನನಗಿಂತ ಹೆಚ್ಚು ಆರೈಕೆ ಮಾಡಿದವಳು ಅವಳೇ. ಅದು ಮೆಲ್ಲಗೆ ಹತ್ತಿತು, ಎಲೆ ಬಿಟ್ಟಿತು, ಮಳೆ ಮೇಲೆ ಮಳೆ ಕಳೆದರೂ ಹೂವಿನ ಸುಳಿವಿಲ್ಲ.

ಹೂವು ಬಿಟ್ಟಾಗ ನಾನು ಹುಬ್ಬಳ್ಳಿಯಲ್ಲಿದ್ದೆ. ಬಂದ ದಿನ ಅವ್ವ ಬಾಗಿಲಲ್ಲೇ ನಿಂತು ಹೇಳಿದಳು. ಒಂದೇ ಗೊಂಚಲು, ಎಂಥ ಚೆಂದ, ಬೆಳಿಗ್ಗೆ ಕೊಯ್ದು ಲಿಂಗಕ್ಕೆ ಏರಿಸಿದೆ ಎಂದು. ನಾನು ತೋಟಕ್ಕೆ ಓಡಿದೆ. ತೊಟ್ಟು ಬುಡಕ್ಕೇ ಹೋಗಿತ್ತು, ಮುರಿದಲ್ಲಿ ಹಾಲು ಒಣಗಿ ಕಪ್ಪಾಗಿತ್ತು. ಪೂಜೆಯ ಹೂವು ಎಲ್ಲಿ ಎಂದರೆ, ದಿನದ ಹಾಗೆ ತೋಟದ ಕಾಲುವೆಗೆ ಬಿಟ್ಟಿದ್ದಳು. ಕಾಲುವೆಯ ಉದ್ದಕ್ಕೂ ಬಗ್ಗಿ ಹುಡುಕಿದೆ. ಕೆಸರು ಬಿಟ್ಟರೆ ಏನೂ ಸಿಗಲಿಲ್ಲ.

ಮುರಿಯಬೇಡ ಎಂದಿದ್ದೆನಲ್ಲ ಎಂದು ನಾನು ದನಿ ಏರಿಸಿದೆ. ಅವ್ವನಿಗೆ ಆಶ್ಚರ್ಯವಾಯಿತು.

"ಅಕಿ ದೇವರ ರೀತಿ ಅಕೀಗೆ, ನಮ್ಮ ದೇವರ ರೀತಿ ನಮಗ. ಮೊದಲ ಹೂವು ಲಿಂಗಕ್ಕಲ್ದ ಮತ್ಯಾರಿಗಪಾ?" ಎಂದಳು.

ಪದ್ಧತಿ ಎಂದು ಹೇಳಿದವನು ನಾನೇ. ಹೋಗಲಿ, ಬರುವ ವರ್ಷದ ಹೂವು ಕಳಿಸೋಣ, ಬರೀ ಮಾತು ಬೇಡ ಎಂದು ಆಯಿಯೇ ಹೇಳಿದ್ದಾಳೆ ಎಂದು ಸುಮ್ಮನಾದೆ. ಬರುವ ವರ್ಷ ಹೂವು ಬಿಡಲಿಲ್ಲ. ಅದರ ಮರುವರ್ಷವೂ ಇಲ್ಲ. ಜಪಾನಿನ ಮೇಲೆ ಯುದ್ಧ ಸಾರಿದ ಮೇಲಿನ ಮಳೆಗಾಲದಲ್ಲಿ, ಮರದ ಎತ್ತರದಲ್ಲಿ, ಅವ್ವನ ಕೈಗೆ ಎಟುಕದ ಕಡೆ ಎರಡು ಗೊಂಚಲು ಬಿಟ್ಟವು. ಸಂಜೆ ತೋಟವೆಲ್ಲ ಘಮ ಎಂದಿತು. ನಾನು ಏಣಿ ಹತ್ತಿ ಒಂದೇ ಹೂವು ಬಿಡಿಸಿ, ಪಂಚಾಂಗದ ನಡುವೆ ಇಟ್ಟು ಒಣಗಿಸಿ, ಲಕೋಟೆಗೆ ಹಾಕಿ, ಜಿರೋ ಬರೆದುಕೊಟ್ಟಿದ್ದ ವಿಳಾಸ ಹಚ್ಚಿ ಟಪಾಲು ಕಚೇರಿಗೆ ಹೋದೆ. ಅಲ್ಲಿದ್ದವರು ವಿಳಾಸ ನೋಡಿ ನನ್ನ ಮುಖ ನೋಡಿದರು. ವೈರಿಗಳ ದೇಶಕ್ಕೆ ಟಪಾಲು ಇಲ್ಲ, ಇಂಥದ್ದನ್ನು ಇನ್ನೊಬ್ಬರ ಕೈಗೆ ಕೊಟ್ಟೀರಿ ಜೋಕೆ, ಮನೆಗೆ ಒಯ್ಯಿರಿ ಎಂದು ಮೆಲ್ಲಗೆ ಹೇಳಿದರು.

ನಿಜ ತಿಳಿದದ್ದು ಆ ಮುಂದಿನ ಮಳೆಗಾಲಕ್ಕೆ. ಹೂವು ಉದುರಿದ ಮೇಲೆ ಆ ಎರಡು ತೊಟ್ಟುಗಳು ಒಣ ಕಡ್ಡಿಯ ಹಾಗೆ ಬೋಳಾಗಿ ಉಳಿದಿದ್ದವು. ಅದೇ ಬೋಳು ತೊಟ್ಟಿನ ತುದಿಯಲ್ಲಿ ಮತ್ತೆ ಮೊಗ್ಗು ಬಂದವು. ಹಳೆಯ ತೊಟ್ಟಿನಲ್ಲೇ ವರ್ಷ ವರ್ಷವೂ ಹೂವು. ಮುರಿದರೆ ಹೊಸ ತೊಟ್ಟು ಮೂಡಲು ಬಳ್ಳಿಗೆ ವರ್ಷಗಟ್ಟಲೆ ಬೇಕು. ಆಯಿ ಅಂದು ಮರ ತೋರಿಸಿ ಉದ್ದಕ್ಕೆ ಹೇಳಿದ್ದು ಇದನ್ನೇ. ದೇವರ ರೀತಿ ಎಂದುಕೊಂಡದ್ದು ಬಳ್ಳಿಯ ರೀತಿಯಾಗಿತ್ತು. ನಾನು ಅವ್ವನನ್ನು ಕರೆದು ತೋರಿಸಿದೆ. ಅವ್ವ ಬಿಸಿಲಿಗೆ ಕೈ ಅಡ್ಡ ಹಿಡಿದು ಬಹಳ ಹೊತ್ತು ನೋಡಿದಳು. ಆಮೇಲೆ ಒಳಗೆ ಹೋದಳು.

ಶಿಗ್ಗಾಂವ

ಯುದ್ಧದ ಕೊನೆಯ ವರ್ಷ ಶಿಗ್ಗಾಂವದಲ್ಲಿ ಬಸ್ಸಿಗೆ ಕಾಯುತ್ತಿದ್ದೆ. ಚಹಾದಂಗಡಿಯಲ್ಲಿ ಒಬ್ಬರು ಪತ್ರಿಕೆಯನ್ನು ಗಟ್ಟಿಯಾಗಿ ಓದುತ್ತಿದ್ದರು, ಸುತ್ತ ಜನ ಕೂಡಿದ್ದರು. ಓಕಿನಾವಾ ಎಂಬ ಹೆಸರನ್ನು ಅವರು ಮೂರು ಥರ ಓದಿದರು, ಯಾರಿಗೂ ಅದು ಎಲ್ಲಿದೆ ಗೊತ್ತಿರಲಿಲ್ಲ. ಹಡಗುಗಳಿಂದ ಗುಂಡಿನ ಮಳೆ, ಊರುಗಳು ನೆಲಸಮ. ಕೇಳಿದವರಲ್ಲಿ ಒಬ್ಬ, ಬೀಳಲಿ ಬಿಡು, ಯುದ್ಧ ಬೇಗ ಮುಗಿಯುತ್ತದೆ, ಸೀಮೆಎಣ್ಣೆ ಸಿಗುತ್ತದೆ ಎಂದ. ಅವನದೇನೂ ತಪ್ಪಿಲ್ಲ. ನಾನು ಮಾತ್ರ ಅಲ್ಲಿ ಕೂರಲಾರದೆ ಎದ್ದೆ. ತಲೆಯ ಮೇಲೆ ಗಡಿಗೆ ಹೊತ್ತು ಬರುವ ಮುದುಕಿಯೇ ಕಣ್ಣೆದುರು. ಬಸ್ಸು ಬಂತು, ಹೋಯಿತು, ನಾನು ಹತ್ತಲಿಲ್ಲ.

ಯುದ್ಧ ಮುಗಿದ ಎಷ್ಟೋ ದಿನಗಳ ಮೇಲೆ ಕೋಬೆಗೆ ಹೊರಟ ಹತ್ತಿ ವ್ಯಾಪಾರದ ಪರಿಚಯದವರೊಬ್ಬರನ್ನು ಹಿಡಿದು, ವಿಚಾರಿಸಿ ಬನ್ನಿ ಎಂದೆ. ಅವರು ಅಲ್ಲಿಯವರನ್ನು ಕೇಳಿ ತಿಳಿದು ಬಂದರು. ನಾನು ಹೇಳಿದ ಹಳ್ಳಿ ಇದ್ದ ಕಡೆ ಈಗ ವಿಮಾನ ಇಳಿಯುವ ಬಯಲು, ತೋಪೂ ಇಲ್ಲ, ಮನೆಗಳೂ ಇಲ್ಲ ಎಂದರು. ಆಯಿಯ, ಜಿರೋನ ಸುದ್ದಿ ಹೇಳುವವರು ಯಾರೂ ಇರಲಿಲ್ಲ. ಪಂಚಾಂಗದಲ್ಲಿದ್ದ ಹೂವು ಅಷ್ಟು ಹೊತ್ತಿಗೆ ಕಂದಿ ಲವಂಗದ ಬಣ್ಣಕ್ಕೆ ತಿರುಗಿತ್ತು. ಅವ್ವ ಆಗಾಗ, ಆ ಆಯಿಗೆ ಹೂವು ಮುಟ್ಟಿಸಿದೆಯಾ ಎಂದು ಕೇಳುತ್ತಿದ್ದಳು. ಇನ್ನೂ ಇಲ್ಲ, ಆ ಕಡೆ ಟಪಾಲು ಸುರುವಾಗಿಲ್ಲ ಎನ್ನುತ್ತಿದ್ದೆ. ಊರೇ ಇಲ್ಲ ಎಂದು ಹೇಳಲು ಬಾಯಿ ಬರಲಿಲ್ಲ.

ನಾನು ಬಳ್ಳಿಯ ತುಂಡುಗಳನ್ನು ಕೇಳಿದವರಿಗೂ ಕೇಳದವರಿಗೂ ಕೊಡತೊಡಗಿದೆ. ತೊಟ್ಟು ಮುರಿಯಬೇಡಿ, ಹೂವು ಬಿಟ್ಟರೆ ಒಂದು ಹೂವು ತಂದು ತೋರಿಸಿ ಎಂದು ಎಲ್ಲರಿಗೂ ಹೇಳಿದೆ. ಜನ ನನಗೆ ಹೂವಿನ ಹುಚ್ಚ ಎಂದು ಹೆಸರಿಟ್ಟರು. ಶಿಗ್ಗಾಂವದ್ದು ಕಲ್ಲುಗೋಡೆಯ ಬಿಸಿಲಿಗೆ ಒಣಗಿತು. ಹಾನಗಲ್ಲಿನದು ಎಲೆ ಬಿಟ್ಟುಕೊಂಡು ಸೊಕ್ಕಿದೆ, ಹೂವಿಲ್ಲ. ಇನ್ನುಳಿದವರು ದಾರಿಯಲ್ಲಿ ಸಿಕ್ಕರೆ ಬೇರೆ ಮಾತು ಆಡಿ ಹೋಗುತ್ತಾರೆ. ಹವಾಯಿ, ಬ್ರೆಜಿಲ್ಲಿಗೆ ಹೋದವರ ದಾರಿ ನೋಡುತ್ತಾ ಆಯಿ ಕೂತದ್ದು ಹೇಗೆ ಎಂದು ನನಗೆ ಈಗ ತಿಳಿಯತೊಡಗಿತು.

ಹಿರೇಕೆರೂರಿನಿಂದ

ಹೋದ ಮಳೆಗಾಲದಲ್ಲಿ ಗಿರಿಜವ್ವ ಬಂದಳು. ಹಿರೇಕೆರೂರಿನ ಬಳೆಗಾರರ ಮನೆಯವಳು, ವರ್ಷಕ್ಕೊಮ್ಮೆ ನಮ್ಮ ಓಣಿಗೆ ಬಂದು ಹೆಂಗಸರಿಗೆ ಬಳೆ ಇಡಿಸಿ ಹೋಗುವವಳು. ಹಿಂದೊಮ್ಮೆ ಬಂದಾಗ, ಇದು ಪರದೇಶದ ಆಯಿಯೊಬ್ಬಳು ಕೊಟ್ಟ ಬಳ್ಳಿ ಎಂದು ಕೇಳಿ ಆಸೆಪಟ್ಟು ಒಂದು ತುಂಡು ಒಯ್ದಿದ್ದಳು. ಈ ಸಲ ಹೆಗಲಿಗೆ ಬಳೆಯ ಮಲಾರ ಇರಲಿಲ್ಲ. ಇಷ್ಟು ದೂರ ಬರಿಗೈಲಿ ಯಾಕೆ ಬಂದೆಯವ್ವಾ ಎಂದೆ. ಅವಳು ಕೂತು, ಸೊಂಟದಿಂದ ಒಂದು ಒದ್ದೆ ಬಟ್ಟೆಯ ಚೂರು ತೆಗೆದು ಬಿಚ್ಚಿದಳು. ಒಳಗೆ ಒಂದೇ ಒಂದು ಹೂವು, ತುಸು ಬಾಡಿದ್ದರೂ ನಡುವಿನ ಕೆಂಪು ಹಾಗೆಯೇ ಇತ್ತು.

"ನೀವು ಹೇಳಿದಂಗ ತೊಟ್ಟು ಮುರಿದಿಲ್ರಿ" ಎಂದಳು. "ಇದು ಮೊದಲನೇದು."

ಹಿರೇಕೆರೂರಿನ ಯಾವುದೋ ಹಿತ್ತಿಲಿನಲ್ಲಿ ಅದು ಇದೆ. ಇಲ್ಲಿ ಹೋದರೂ ಅಲ್ಲಿ ಇದೆ. ಇಷ್ಟೇ ಸುದ್ದಿ, ಎದೆಯ ಮೇಲಿನ ಭಾರ ಇಳಿದಂತೆ ಆಯಿತು. ಆ ಹಿಂದೆಯೇ, ಈ ಹಗುರ ಯಾರಿಗೆ ಸಿಗಬೇಕಿತ್ತೋ ಅವಳಿಗೆ ಸಿಗಲಿಲ್ಲವಲ್ಲ ಎನ್ನಿಸಿತು. ಗಿರಿಜವ್ವ ನನ್ನ ಮುಖವನ್ನೇ ನೋಡುತ್ತಿದ್ದಳು.

"ನಿಮಗ ಕೊಟ್ಟಾಕಿಗೆ ನೀವೂ ಹಿಂಗ ಹೂವು ಮುಟ್ಟಸ್ತೇನಂತ ಹೇಳಿ ಬಂದಿದ್ರೇನ್ರಿ?" ಎಂದು ಕೇಳಿದಳು.

ನಾನು ಉತ್ತರ ಕೊಡುವ ಮೊದಲು, ಕಂಬಕ್ಕೆ ಒರಗಿ ಕೂತಿದ್ದ ಅವ್ವ ಕೈ ಚಾಚಿದಳು. ಅವ್ವನಿಗೆ ಈಗ ಕಣ್ಣು ಮಂಜು. ಗಿರಿಜವ್ವ ಹೂವನ್ನು ಆ ಹಚ್ಚೆಯ ಕೈಯಲ್ಲಿ ಇಟ್ಟಳು. ಅವ್ವ ಮೂಗಿನ ಹತ್ತಿರ ತಂದಳು. ಮೊದಲ ಹೂವು, ಇನ್ನು ಕರಡಿಗೆ ಬಿಚ್ಚುತ್ತಾಳೆ, ಲಿಂಗಕ್ಕೆ ಏರಿಸುತ್ತಾಳೆ ಎಂದು ನಾನು ಕಾದೆ. ಅವ್ವ ಏರಿಸಲಿಲ್ಲ.

"ಅಕೀಗೆ ಮುಟ್ಟಬೇಕಾದ್ದನ್ನ ನಾ ತಗೊಂಡುಬಿಟ್ನೆವ್ವಾ" ಎಂದು ಗಿರಿಜವ್ವನಿಗೆ ಹೇಳಿದಳು. ಅಷ್ಟು ವರ್ಷಗಳಲ್ಲಿ ಅವ್ವ ಈ ಮಾತು ಆಡಿದ್ದು ಅದೇ ಮೊದಲು. ಆಮೇಲೆ ನನ್ನ ಕೈ ತಡಕಿ, ಹೂವನ್ನು ಅಂಗೈಯಲ್ಲಿಟ್ಟು ಬೆರಳು ಮಡಚಿದಳು. "ಇದು ಅಕೀದು. ಟಪಾಲು ಸುರು ಆದ ದಿನ ಕಳಸು."

ಹೂಂ ಅವ್ವಾ ಎಂದೆ. ಪಂಚಾಂಗ ತೆಗೆದು, ಹಳೆಯ ಹೂವಿನ ಪಕ್ಕದಲ್ಲಿ ಇದನ್ನೂ ಇಟ್ಟೆ.